ಮನೆ ಸಾಲದ ನಿಜವಾದ ಖರ್ಚು ಎಷ್ಟು? ಸಹಿ ಹಾಕುವ ಮೊದಲು ಮಾಡಬೇಕಾದ ಲೆಕ್ಕ

"30 ಲಕ್ಷ ಲೋನಿಗೆ ಕಂತು ಎಷ್ಟು ಬರ್ತದೆ?" ಕಾಸರಗೋಡು ಜಿಲ್ಲೆಯ ಬದಿಯಡ್ಕ, ಕುಂಬಳೆ, ಉಪ್ಪಳ, ಮುಳ್ಳೇರಿಯ ಕಡೆಯ ಓದುಗರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು. ಎರಡನೇ ಪ್ರಶ್ನೆ ಐದಾರು ವರ್ಷ ಕಳೆದ ಮೇಲೆ ಬರುತ್ತದೆ. "ಇಷ್ಟು ಕಟ್ಟಿದ್ದೇನೆ, ಬಾಕಿ ಇಳಿದೇ ಇಲ್ಲ. ಬ್ಯಾಂಕಿನವರು ಏನಾದರೂ ಎಡವಟ್ಟು ಮಾಡಿದರಾ?" ಹೆಚ್ಚಿನ ಸಲ ಯಾರೂ ಎಡವಟ್ಟು ಮಾಡಿರುವುದಿಲ್ಲ. ಕಂತು ಎಷ್ಟು ಅಂತ ಮಾತ್ರ ಕೇಳಿ ಸಾಲ ತೆಗೆದದ್ದರಿಂದ ಹಾಗೆ ಅನಿಸುತ್ತದೆ.

ಕಂತು ಅಂದರೆ ತಿಂಗಳಿಗೆ ನಿಮ್ಮ ಕಿಸೆಯಿಂದ ಹೋಗುವ ಮೊತ್ತ, ಅಷ್ಟೇ. ಸಾಲ ನಿಮಗೆ ಎಷ್ಟಕ್ಕೆ ಬಿತ್ತು ಅನ್ನುವುದನ್ನು ಅದು ಹೇಳುವುದಿಲ್ಲ. ಅದನ್ನು ತಿಳಿಯಲು ಬೇಕಾದದ್ದು ಕ್ಯಾಲ್ಕುಲೇಟರ್ ಇರುವ ಫೋನು, ಒಂದು ನೋಟ್‌ಬುಕ್ಕು, ಬ್ಯಾಂಕ್ ಕೊಡುವ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಎಂಬ ಹಾಳೆ (ಅದರ ಬಗ್ಗೆ ಮುಂದೆ ಹೇಳುತ್ತೇನೆ), ಮತ್ತೆ ನಿಮ್ಮ ಜಾಗದ ಕಾಗದಗಳು.

ಲೇಖನದ ಉದ್ದಕ್ಕೂ ಒಂದೇ ಉದಾಹರಣೆ ಹಿಡಿಯೋಣ. 30 ಲಕ್ಷ ಸಾಲ, ಶೇ. 8.5 ಬಡ್ಡಿ, 20 ವರ್ಷ. ಶೇ. 8.5 ಅನ್ನುವುದು ಲೆಕ್ಕಕ್ಕೆ ಹಿಡಿದ ದರ. ನಿಮಗೆ ಸಿಗುವ ದರ ಹಾಕಿ ನೀವೇ ಮತ್ತೊಮ್ಮೆ ಮಾಡಿ ನೋಡಿ.

1. ಮೊದಲ ಕಂತನ್ನು ಬಿಡಿಸಿ ನೋಡಿ

ಈ ಸಾಲದ ಕಂತು, ಅಂದರೆ ಇಎಂಐ, 26,035 ರೂಪಾಯಿ. ಅದರಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು? ಸೂತ್ರ ಸುಲಭ. ಬಾಕಿ ಇರುವ ಅಸಲನ್ನು ಬಡ್ಡಿ ದರದಿಂದ ಗುಣಿಸಿ, 1200ರಿಂದ ಭಾಗಿಸಿ. ಬಂದದ್ದು ಆ ತಿಂಗಳ ಬಡ್ಡಿ.

30,00,000 × 8.5 ÷ 1200 = 21,250.

ಅಂದರೆ ಮೊದಲ ತಿಂಗಳು ನೀವು ಕೊಟ್ಟ 26,035ರಲ್ಲಿ 21,250 ಬಡ್ಡಿಗೆ ಹೋಯಿತು. ಅಸಲಿಗೆ ಸೇರಿದ್ದು 4,785. ಬಾಕಿ 29,95,215. ಎರಡನೇ ತಿಂಗಳು ಇದೇ ಬಾಕಿಯ ಮೇಲೆ ಬಡ್ಡಿ 21,216. ಕಡಿಮೆಯಾದದ್ದು ಬರೀ 34 ರೂಪಾಯಿ! ಹೀಗೆ ತೆವಳುತ್ತಾ ಹೋಗುತ್ತದೆ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು 12ನೇ ವರ್ಷದಲ್ಲಿ. ಐದು ವರ್ಷ ತಪ್ಪದೆ ಕಟ್ಟಿದರೆ ನೀವು ಕೊಟ್ಟದ್ದು 15 ಲಕ್ಷದ 62 ಸಾವಿರ, ಅಸಲು ಇಳಿದದ್ದು ಸುಮಾರು 3 ಲಕ್ಷದ 56 ಸಾವಿರ. ಬಾಕಿ ಇನ್ನೂ 26 ಲಕ್ಷದ 44 ಸಾವಿರದ ಹತ್ತಿರ. "ಬಾಕಿ ಇಳಿದೇ ಇಲ್ಲ" ಅನ್ನುವವರಿಗೆ ಉತ್ತರ ಇಲ್ಲಿದೆ.

20 ವರ್ಷಕ್ಕೆ ಒಟ್ಟು ಕಟ್ಟುವುದು 62 ಲಕ್ಷದ 48 ಸಾವಿರ. ತೆಗೆದುಕೊಂಡದ್ದಕ್ಕಿಂತ ಬಡ್ಡಿಯೇ ಜಾಸ್ತಿ.

2. ಅವಧಿಯನ್ನು ಮೂರು ರೀತಿ ಹಾಕಿ ನೋಡಿ

ಇದೇ ಸಾಲವನ್ನು 15 ವರ್ಷಕ್ಕೆ ತೆಗೆದರೆ ಕಂತು 29,542, ಒಟ್ಟು ಬಡ್ಡಿ ಸುಮಾರು 23 ಲಕ್ಷದ 18 ಸಾವಿರ. 30 ವರ್ಷಕ್ಕೆ ತೆಗೆದರೆ ಕಂತು 23,067, ಒಟ್ಟು ಬಡ್ಡಿ 53 ಲಕ್ಷ. 20 ವರ್ಷದ ಬದಲು 30 ವರ್ಷ ಅಂದಾಗ ತಿಂಗಳಿಗೆ ಉಳಿಯುವುದು ಮೂರು ಸಾವಿರಕ್ಕಿಂತ ಕಡಿಮೆ. ಅದಕ್ಕೆ ನೀವು ತೆರುವುದು 20 ಲಕ್ಷಕ್ಕಿಂತ ಜಾಸ್ತಿ ಬಡ್ಡಿ.

ಹಾಗಾದರೆ ದೀರ್ಘ ಅವಧಿ ಬೇಡವೇ ಬೇಡವಾ? ಹಾಗೇನಿಲ್ಲ. ಸಂಬಳ ಕಡಿಮೆ, ಮಕ್ಕಳು ಚಿಕ್ಕವರು, ಗಲ್ಫಿನ ಕೆಲಸ ಇವತ್ತು ಇದೆ ನಾಳೆ ಗೊತ್ತಿಲ್ಲ ಅನ್ನುವವರಿಗೆ ಸಣ್ಣ ಕಂತು ಕ್ಷೇಮ. ಆದರೆ ಹಾಗೆ ತೆಗೆದವರು 6ನೇ ಹಂತವನ್ನು ಬಿಡಲೇಬಾರದು. ಇನ್ನೊಂದು ಮಾತು, ಇವತ್ತಿನ 26 ಸಾವಿರ 15 ವರ್ಷದ ನಂತರ ಇಷ್ಟು ಭಾರ ಅನಿಸುವುದಿಲ್ಲ, ಸಂಬಳ ಏರಿರುತ್ತದೆ, ರೂಪಾಯಿ ಇಳಿದಿರುತ್ತದೆ. ಇದೂ ನಿಜ. ಆದ್ದರಿಂದ 62 ಲಕ್ಷ ಅಂತ ಕೇಳಿ ಹೆದರಿ ಓಡಬೇಡಿ. ಗೊತ್ತಿದ್ದು ಸಹಿ ಹಾಕಿ.

3. ದರ ಕೇಳುವಾಗ ಯಾವ ರೀತಿಯ ದರ ಅಂತ ಕೇಳಿ

ಎರಡು ಸಂಗತಿ ಇದೆ.

ಒಂದು, ಫ್ಲ್ಯಾಟ್ ದರವಾ, ರಿಡ್ಯೂಸಿಂಗ್ ದರವಾ? ಫ್ಲ್ಯಾಟ್ ಅಂದರೆ ಅಸಲು ಎಷ್ಟು ತೀರಿದರೂ ಬಡ್ಡಿ ಮೊದಲಿನ ಪೂರ್ತಿ ಮೊತ್ತದ ಮೇಲೆ. ರಿಡ್ಯೂಸಿಂಗ್ ಅಂದರೆ ಉಳಿದ ಬಾಕಿಯ ಮೇಲೆ ಮಾತ್ರ. 10 ಲಕ್ಷಕ್ಕೆ 10 ವರ್ಷ ಶೇ. 7 ಫ್ಲ್ಯಾಟ್ ಅಂದರೆ ಕೇಳಲು ಚಂದ. ಕಂತು 14,167 ಬರುತ್ತದೆ. ಅದನ್ನು ರಿಡ್ಯೂಸಿಂಗ್ ಲೆಕ್ಕಕ್ಕೆ ತಂದರೆ ಶೇ. 11.7ರ ಹತ್ತಿರ. ಬ್ಯಾಂಕುಗಳ ಮನೆ ಸಾಲ ಸಾಮಾನ್ಯವಾಗಿ ರಿಡ್ಯೂಸಿಂಗ್. ಖಾಸಗಿ ಫೈನಾನ್ಸಿನವರು ದರ ಹೇಳಿದಾಗ ಈ ಪ್ರಶ್ನೆ ಕೇಳದೆ ಏಳಬೇಡಿ.

ಎರಡು, ದರ ಯಾವುದಕ್ಕೆ ಕಟ್ಟಿಹಾಕಿದೆ? 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ಏರಿಳಿಯುವ) ದರದ ಮನೆ ಸಾಲ ರೆಪೊದಂಥ ಹೊರಗಿನ ದರಕ್ಕೆ ಜೋಡಿಸಿರಬೇಕು. ರೆಪೊ ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ. ಅದರ ಮೇಲೆ ಬ್ಯಾಂಕು ತನ್ನ ಪಾಲು ಸೇರಿಸುತ್ತದೆ, ಅದಕ್ಕೆ ಸ್ಪ್ರೆಡ್ ಅನ್ನುತ್ತಾರೆ. ರೆಪೊ ಎಲ್ಲರಿಗೂ ಒಂದೇ. ನೀವು ಚೌಕಾಸಿ ಮಾಡಬಹುದಾದದ್ದು ಸ್ಪ್ರೆಡ್‌ನಲ್ಲಿ. ಹಳೆ ಗಿರಾಕಿಗೆ ಒಂದು ಸ್ಪ್ರೆಡ್, ಹೊಸ ಗಿರಾಕಿಗೆ ಅದಕ್ಕಿಂತ ಕಡಿಮೆ ಸ್ಪ್ರೆಡ್ ಇರುವುದು ಮಾಮೂಲು, ಆದ್ದರಿಂದ ವರ್ಷಕ್ಕೊಮ್ಮೆ ಶಾಖೆಗೆ ಹೋಗಿ "ಈಗ ಹೊಸಬರಿಗೆ ಎಷ್ಟಕ್ಕೆ ಕೊಡ್ತಿದ್ದೀರಿ?" ಅಂತ ಕೇಳುವುದರಲ್ಲಿ ನಾಚಿಕೆ ಬೇಡ.

ನಮ್ಮ ಕಡೆಗೆ ವಿಶೇಷವಾದ ಒಂದು ಎಚ್ಚರಿಕೆ. ಊರೂರಲ್ಲಿರುವ ಸೇವಾ ಸಹಕಾರಿ ಬ್ಯಾಂಕುಗಳು ಹೆಸರಿಗೆ ಬ್ಯಾಂಕ್ ಆದರೂ ಪ್ರಾಥಮಿಕ ಸಹಕಾರಿ ಸಂಘಗಳು. ಅವು ಕೇರಳದ ಸಹಕಾರ ಇಲಾಖೆಯ ಕೆಳಗೆ ಬರುತ್ತವೆ. ರಿಸರ್ವ್ ಬ್ಯಾಂಕಿನ ನಿಯಮ ಅಂತ ನಾನು ಇಲ್ಲಿ ಹೇಳುವುದು ಅವುಗಳಿಗೆ ತಾನಾಗಿ ಅನ್ವಯಿಸುವುದಿಲ್ಲ. 2019ರಲ್ಲಿ ಜಿಲ್ಲಾ ಸಹಕಾರಿ ಬ್ಯಾಂಕುಗಳನ್ನು ಸೇರಿಸಿ ಮಾಡಿದ ಕೇರಳ ಬ್ಯಾಂಕ್ ಬೇರೆ, ಅದು ರಿಸರ್ವ್ ಬ್ಯಾಂಕಿನ ಹಿಡಿತದಲ್ಲಿದೆ. ಸೇವಾ ಸಹಕಾರಿಯಲ್ಲಿ ಪರಿಚಯದವರಿರುತ್ತಾರೆ, ಕೆಲಸ ಬೇಗ ಆಗುತ್ತದೆ, ಅದು ಸರಿ. ಆದರೆ ದರ ಯಾವಾಗ ಬದಲಾಗುತ್ತದೆ, ಮುಂಚೆ ಕಟ್ಟಿದರೆ ದಂಡ ಇದೆಯಾ, ತಡವಾದರೆ ಎಷ್ಟು ಅನ್ನುವುದನ್ನು ಬರವಣಿಗೆಯಲ್ಲಿ ಪಡೆದುಕೊಳ್ಳಿ.

4. ಆ ಒಂದು ಹಾಳೆಯನ್ನು ಪೂರ್ತಿ ಓದಿ

2024ರ ಅಕ್ಟೋಬರ್ 1ರಿಂದ ಬ್ಯಾಂಕುಗಳೂ ಹೌಸಿಂಗ್ ಫೈನಾನ್ಸ್ ಕಂಪೆನಿಗಳೂ ಸಾಲದ ಮೊದಲು ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಕೊಡಲೇಬೇಕು. ಸಾಲದ ಎಲ್ಲ ಖರ್ಚು ಒಂದೇ ಕಡೆ ಇರುವ ಹಾಳೆ ಇದು. ಇದರಲ್ಲಿ ಎಪಿಆರ್ ಅಂತ ಒಂದು ಅಂಕಿ ಇರುತ್ತದೆ. ಬಡ್ಡಿಯ ಜೊತೆ ಪ್ರೊಸೆಸಿಂಗ್ ಶುಲ್ಕ, ವಕೀಲರ ಶುಲ್ಕ, ವಿಮೆ ಎಲ್ಲ ಸೇರಿಸಿದಾಗ ವರ್ಷಕ್ಕೆ ಬೀಳುವ ನಿಜವಾದ ದರ. ಎರಡು ಬ್ಯಾಂಕನ್ನು ಹೋಲಿಸುವಾಗ ಬೋರ್ಡಿನಲ್ಲಿ ಬರೆದ ದರ ಬಿಟ್ಟು ಎಪಿಆರ್ ಹೋಲಿಸಿ.

ಈ ಹಾಳೆ ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು, ವಿವರಿಸಿ ಹೇಳಬೇಕು ಅಂತಲೂ ನಿಯಮ ಇದೆ. ಮಲಯಾಳ ಮಾತಾಡಲು ಬಂದರೂ ಓದಲು ಬಾರದವರು ನಮ್ಮಲ್ಲಿ ಬೇಕಾದಷ್ಟು ಜನ ಇದ್ದಾರೆ. "ಕನ್ನಡದಲ್ಲಿ ಕೊಡಿ" ಅಂತ ಕೇಳಿ. ಕೇಳುವುದು ನಿಮ್ಮ ಹಕ್ಕು, ಉಪಕಾರ ಅಲ್ಲ. ಹಾಳೆ ಕೊಟ್ಟ ಮೇಲೆ ಕನಿಷ್ಠ ಮೂರು ಕೆಲಸದ ದಿನ ಆ ಷರತ್ತುಗಳಿಗೆ ಬ್ಯಾಂಕ್ ಬದ್ಧ. ಮನೆಗೆ ತಂದು ಓದಿ. ಅದರಲ್ಲಿ ಬರೆಯದ ಶುಲ್ಕವನ್ನು ನಿಮ್ಮ ಸ್ಪಷ್ಟ ಒಪ್ಪಿಗೆ ಇಲ್ಲದೆ ಆಮೇಲೆ ವಸೂಲು ಮಾಡುವಂತಿಲ್ಲ.

ಹೆಚ್ಚಿನವರು ಜಾರಿ ಬೀಳುವುದು ವಿಮೆಯಲ್ಲಿ. "ಇದು ಸಾಲದ ಜೊತೆಗೇ ಬರ್ತದೆ" ಅಂತ ಹೇಳಿ ಸಾಲಗಾರನ ಜೀವ ವಿಮೆಯ ಒಂದೇ ಗಂಟಿನ ಪ್ರೀಮಿಯಂ ಸೇರಿಸುತ್ತಾರೆ. 90 ಸಾವಿರ ಪ್ರೀಮಿಯಂ ಅಂದುಕೊಳ್ಳಿ. ಕೈಯಿಂದ ಕೊಟ್ಟರೆ 90 ಸಾವಿರ. ಸಾಲಕ್ಕೇ ಸೇರಿಸಿದರೆ ತಿಂಗಳಿಗೆ 781, 20 ವರ್ಷಕ್ಕೆ 1 ಲಕ್ಷದ 87 ಸಾವಿರ. ಬ್ಯಾಂಕ್ ತೋರಿಸುವ ಜೀವ ವಿಮೆಯನ್ನೇ ತೆಗೆಯಬೇಕೆಂಬ ಕಾನೂನು ಇಲ್ಲ. ಹಾಗಂತ ವಿಮೆಯೇ ಬೇಡ ಅನ್ನಬೇಡಿ. ದುಡಿಯುವವರು ಒಬ್ಬರೇ ಆಗಿದ್ದರೆ ಸಾಲದಷ್ಟು ಮೊತ್ತದ ಟರ್ಮ್ ವಿಮೆ (ನಿಗದಿತ ಅವಧಿಗೆ ಮಾತ್ರ ಇರುವ ಜೀವ ವಿಮೆ) ಬೇರೆಯಾಗಿ ತೆಗೆದುಕೊಳ್ಳಿ. ಸಾಲ ಬೇರೆ ಬ್ಯಾಂಕಿಗೆ ಹೋದರೂ ಆ ವಿಮೆ ನಿಮ್ಮ ಜೊತೆಗಿರುತ್ತದೆ.

5. ಸಾಲದ ಹೊರಗಿನ ಖರ್ಚು ಬರೆದಿಡಿ

ಇದು ಕೇರಳದ ನೆಲ, ಇಲ್ಲಿಯ ಲೆಕ್ಕ ದಕ್ಷಿಣ ಕನ್ನಡದ ಲೆಕ್ಕದಂತಿಲ್ಲ. ಮಂಗಳೂರಿನ ನೆಂಟರು ಹೇಳಿದ ಅಂಕಿ ಹಿಡಿದು ಹೋಗಬೇಡಿ.

ಜಾಗ ಅಥವಾ ಮನೆ ಕ್ರಯಕ್ಕೆ ತೆಗೆಯುವಾಗ ಮುದ್ರಾಂಕ ಶುಲ್ಕ ಶೇ. 8, ನೋಂದಣಿ ಶುಲ್ಕ ಶೇ. 2. ಆಧಾರದಲ್ಲಿ (ನೋಂದಣಿಯಾದ ಕ್ರಯಪತ್ರದಲ್ಲಿ) ತೋರಿಸುವ ಬೆಲೆ ಸರಕಾರ ನಿಗದಿ ಮಾಡಿದ ಫೇರ್ ವ್ಯಾಲ್ಯೂಗಿಂತ ಕಡಿಮೆ ಇರುವಂತಿಲ್ಲ. 40 ಲಕ್ಷದ ಮನೆಗೆ ಇದೇ 4 ಲಕ್ಷ ಆಯಿತು. ಮನೆಯ ಬೆಲೆ 10 ಲಕ್ಷ ದಾಟಿದರೆ ಸಾಲದ ಮಿತಿ ಲೆಕ್ಕ ಹಾಕುವಾಗ ಈ ಖರ್ಚನ್ನು ಸೇರಿಸುವುದಿಲ್ಲ. 30 ಲಕ್ಷದವರೆಗಿನ ಸಾಲ ಆಸ್ತಿ ಬೆಲೆಯ ಶೇ. 90ರ ತನಕ ಸಿಗಬಹುದು, 30ರಿಂದ 75 ಲಕ್ಷದವರೆಗೆ ಶೇ. 80. ಉಳಿದದ್ದೂ ನೋಂದಣಿಯೂ ನಿಮ್ಮ ಕೈಯಿಂದ. ಇದಕ್ಕಾಗಿ ಚಿನ್ನ ಅಡವಿಟ್ಟರೆ ಅದರ ಬಡ್ಡಿಯೂ ಮನೆಯ ಖರ್ಚೇ, ನೋಟ್‌ಬುಕ್ಕಿನಲ್ಲಿ ಬರೆಯಿರಿ. ಚಿಟ್ಟಿ ಹಿಡಿದು ಹೊಂದಿಸುವವರು ಬಿಟ್ಟುಕೊಟ್ಟ ಮೊತ್ತವನ್ನೂ ಬರೆಯಿರಿ.

ಮನೆ ಕಟ್ಟುವವರಿಗೆ ಬೇರೆ ಪಟ್ಟಿ. ಖರ್ಚು ಸರಕಾರ ನಿಗದಿ ಮಾಡಿದ ಮಿತಿ ದಾಟಿದ ಮನೆಗೆ ಕಾರ್ಮಿಕ ಸೆಸ್. 100 ಚದರ ಮೀಟರ್ ದಾಟಿದರೆ ಕಂದಾಯ ಇಲಾಖೆಗೆ ಒಂದು ಸಲದ ಕಟ್ಟಡ ತೆರಿಗೆ. ಅದು ಪಂಚಾಯತಿಗೆ ವರ್ಷಾ ವರ್ಷ ಕಟ್ಟುವ ತೆರಿಗೆಗಿಂತ ಬೇರೆ. 278.7 ಚದರ ಮೀಟರ್, ಅಂದರೆ 3000 ಚದರ ಅಡಿ ದಾಟಿತೋ, ಪ್ರತಿ ವರ್ಷ ಲಕ್ಷುರಿ ತೆರಿಗೆ. ನಕ್ಷೆ ಮಾಡಿಸುವಾಗಲೇ ಈ ಗೆರೆಗಳನ್ನು ಇಂಜಿನಿಯರಿಗೆ ಹೇಳಿ.

ಕಾಗದದಲ್ಲಿ ಸಿಕ್ಕಿಬೀಳುವ ಒಂದು ಜಾಗ ಇದೆ. ಆಧಾರ, ಅದರ ಹಿಂದಿನ ಆಧಾರ, ವಿಲೇಜ್ ಆಫೀಸಿನ ತೀರ್ವೆ ರಸೀದಿ, ಪೊಸೆಷನ್ ಸರ್ಟಿಫಿಕೇಟ್, ಇಸಿ (ಜಾಗದ ಮೇಲೆ ಬೇರೆ ಸಾಲ ಇದೆಯಾ ಎಂದು ಸಬ್ ರಿಜಿಸ್ಟ್ರಾರ್ ಕಚೇರಿ ಕೊಡುವ ಪತ್ರ) ಎಲ್ಲ ಸರಿ ಇದ್ದರೂ, ದಾಖಲೆಯಲ್ಲಿ ಜಾಗ 'ನಿಲಂ' ಅಂತ ಇದ್ದರೆ ಕೆಲಸ ನಿಲ್ಲುತ್ತದೆ. ನಿಲಂ ಅಂದರೆ ಗದ್ದೆ. ನೋಡಲು ಅಡಿಕೆ ತೋಟ, ತೆಂಗಿನ ತೋಟ ಆಗಿದ್ದರೂ ದಾಖಲೆ ಹಳೆಯದೇ ಇರುತ್ತದೆ. 2008ರ ಭತ್ತದ ಗದ್ದೆ ಸಂರಕ್ಷಣಾ ಕಾನೂನಿನಂತೆ ಅಲ್ಲಿ ಸುಮ್ನೆ ಮನೆ ಕಟ್ಟುವಂತಿಲ್ಲ. ಡಾಟಾ ಬ್ಯಾಂಕ್ ಎಂಬ ಗದ್ದೆಗಳ ಪಟ್ಟಿಯಲ್ಲಿ ಜಾಗ ಇದೆಯಾ ಅಂತ ಅಡ್ವಾನ್ಸ್ ಕೊಡುವ ಮೊದಲೇ ನೋಡಿ. ಸಾಲ ಮಂಜೂರಾಗಿ, ಪ್ರೊಸೆಸಿಂಗ್ ಶುಲ್ಕ ಕಟ್ಟಿ, ಆಮೇಲೆ ಇದು ಗೊತ್ತಾದರೆ ಶುಲ್ಕ ವಾಪಸ್ ಬರುವ ಆಸೆ ಬಿಡಬೇಕು. ಮಂಗಳೂರಿನ ಶಾಖೆಯಿಂದ ಸಾಲ ತೆಗೆಯುವವರು ಕೇರಳದ ದಾಖಲೆ ನೋಡಬಲ್ಲ ವಕೀಲರು ಅವರ ಪಟ್ಟಿಯಲ್ಲಿದ್ದಾರಾ ಅಂತ ಮೊದಲು ಕೇಳಿ. ಇಲ್ಲದಿದ್ದರೆ ಗಡಿಯ ತಲಪಾಡಿ ದಾಟಿ ದಾಟಿ ಸಾಕಾಗುತ್ತದೆ.

ಇನ್ನು ಕಟ್ಟುವ ಕಾಲದ ಬಡ್ಡಿ. ಬ್ಯಾಂಕ್ ಹಣವನ್ನು ಒಟ್ಟಿಗೆ ಕೊಡುವುದಿಲ್ಲ. ಪಂಚಾಂಗ (ಅಡಿಪಾಯ) ಆದಾಗ ಒಂದಿಷ್ಟು, ಲಿಂಟಲ್ ಆದಾಗ ಒಂದಿಷ್ಟು, ಕಾಂಕ್ರೀಟ್, ಸಾರಣೆ, ಹೀಗೆ. ಪೂರ್ತಿ ಹಣ ಬಿಡುಗಡೆ ಆಗುವವರೆಗೆ ತೆಗೆದಷ್ಟಕ್ಕೆ ಬಡ್ಡಿ ಮಾತ್ರ ಕಟ್ಟುತ್ತೀರಿ. ಇದಕ್ಕೆ ಪ್ರೀ-ಇಎಂಐ ಅನ್ನುತ್ತಾರೆ. ಆರು ತಿಂಗಳು 10 ಲಕ್ಷದ ಮೇಲೆ, ಇನ್ನಾರು ತಿಂಗಳು 20 ಲಕ್ಷದ ಮೇಲೆ ಕಟ್ಟಿದರೆ 1 ಲಕ್ಷದ 27 ಸಾವಿರದ 500 ರೂಪಾಯಿ. ಅಸಲು ಒಂದು ಪೈಸೆ ಇಳಿಯುವುದಿಲ್ಲ. ಮುರಕಲ್ಲು ಬಂದಿಲ್ಲ, ಮೇಸ್ತ್ರಿ ಬೇರೆ ಕೆಲಸಕ್ಕೆ ಹೋದ, ಜೂನ್ ಬಂತು ಮಳೆ ಹಿಡಿಯಿತು ಅಂತ ಕೆಲಸ ನಿಂತ ಒಂದೊಂದು ತಿಂಗಳಿಗೂ ಬಡ್ಡಿ ಓಡುತ್ತಲೇ ಇರುತ್ತದೆ. ಆದ್ದರಿಂದ ಮಳೆ ಮುಗಿದ ಮೇಲೆ ಸಾಲದ ಹಣದ ಮೊದಲ ಭಾಗ ಬಿಡಿಸಿಕೊಳ್ಳುವುದು ಒಳ್ಳೆಯದು. ಮೇ ತಿಂಗಳಲ್ಲಿ ಅವಸರ ಬೇಡ.

6. ಮುಂಗಡ ಕಟ್ಟುವ ಯೋಜನೆ ಈಗಲೇ ಮಾಡಿ

ಇಡೀ ಲೇಖನದಲ್ಲಿ ಒಂದೇ ಹಂತ ಓದುತ್ತೇನೆ ಅನ್ನುವವರಿದ್ದರೆ ಇದನ್ನು ಓದಿ.

ಮೊದಲ ವರ್ಷ ಮುಗಿದಾಗ ನಮ್ಮ ಉದಾಹರಣೆಯ ಬಾಕಿ 29 ಲಕ್ಷದ 40 ಸಾವಿರ ಚಿಲ್ಲರೆ. ಆಗ ಒಂದು ಲಕ್ಷ ಹೆಚ್ಚುವರಿ ಕಟ್ಟಿ, ಕಂತು ಅಷ್ಟೇ ಇರಲಿ ಅನ್ನಿ. ಸಾಲ 18 ತಿಂಗಳು ಬೇಗ ಮುಗಿಯುತ್ತದೆ. ಉಳಿಯುವ ಬಡ್ಡಿ ಸುಮಾರು 3 ಲಕ್ಷದ 70 ಸಾವಿರ. ಅದೇ ಒಂದು ಲಕ್ಷವನ್ನು 15 ವರ್ಷ ಕಳೆದ ಮೇಲೆ ಕಟ್ಟಿದರೆ ಆರು ತಿಂಗಳೂ ಉಳಿಯುವುದಿಲ್ಲ, ಬಡ್ಡಿ ಉಳಿತಾಯ 50 ಸಾವಿರದಷ್ಟು. ಹಣ ಒಂದೇ, ಕಟ್ಟಿದ ಕಾಲ ಬೇರೆ. "ಮೊದಲು ಕೈ ಊರಲಿ, ಆಮೇಲೆ ಮುಂಗಡ ನೋಡೋಣ" ಅನ್ನುವವರು ಇದನ್ನು ಎರಡು ಸಲ ಓದಿ.

ಅಡಿಕೆ ಬೆಳೆಗಾರರಿಗೆ ಇದು ಹೇಳಿ ಮಾಡಿಸಿದ ಹಾಗಿದೆ. ಆದಾಯ ತಿಂಗಳಿಗೆ ಬರುವುದಿಲ್ಲ, ಕ್ಯಾಂಪ್ಕೋಗೋ ಅಂಗಡಿಗೋ ಅಡಿಕೆ ಕೊಟ್ಟಾಗ ಒಟ್ಟಿಗೆ ಬರುತ್ತದೆ. ತಿಂಗಳ ಕಂತನ್ನು ಕಷ್ಟಕಾಲದಲ್ಲೂ ಕಟ್ಟಬಹುದಾದಷ್ಟು ಇಟ್ಟುಕೊಳ್ಳಿ, ಒಳ್ಳೆ ರೇಟು ಸಿಕ್ಕ ವರ್ಷ ಅಸಲಿಗೆ ಹಾಕಿ. ಮಹಾಳಿ ಬಂದು ಫಸಲು ಉದುರಿದ ವರ್ಷ ಏನೂ ಹಾಕಬೇಡಿ, ಕಂತು ತಪ್ಪದಿದ್ದರೆ ಸಾಕು. ಗಲ್ಫಿನಿಂದ ಕಳಿಸುವವರು ಆರು ತಿಂಗಳ ಕಂತನ್ನು ಠೇವಣಿಯಲ್ಲಿಟ್ಟು, ಅದಕ್ಕೆ ಮೇಲಿನದ್ದನ್ನು ಮಾತ್ರ ಅಸಲಿಗೆ ಕಟ್ಟಿ. ಹಣ ಬೇಕಾದಾಗ ವಾಪಸ್ ತೆಗೆಯುವ ಹಾಗಿರಬೇಕು ಅನ್ನುವವರು ಓವರ್‌ಡ್ರಾಫ್ಟ್ ಮಾದರಿಯ ಮನೆ ಸಾಲ ವಿಚಾರಿಸಿ. ಅದರಲ್ಲಿ ಖಾತೆಗೆ ಹಾಕಿದ ಹಣಕ್ಕೆ ಬಡ್ಡಿ ಓಡುವುದಿಲ್ಲ, ಬೇಕಾದಾಗ ತೆಗೆಯಲೂಬಹುದು. ದರ ಸ್ವಲ್ಪ ಜಾಸ್ತಿ ಇರುವುದುಂಟು.

ಫ್ಲೋಟಿಂಗ್ ದರದಲ್ಲಿ ವೈಯಕ್ತಿಕವಾಗಿ ತೆಗೆದ ಮನೆ ಸಾಲಕ್ಕೆ ಬ್ಯಾಂಕುಗಳು ಮುಂಗಡ ಪಾವತಿಯ ದಂಡ ಹಾಕುವಂತಿಲ್ಲ. ಆದರೂ ಎರಡು ಕಡೆ ಎಚ್ಚರ ಬೇಕು. ಕಟ್ಟುವಾಗ "ಇದನ್ನು ಅಸಲಿಗೆ ಹಾಕಿ, ಅವಧಿ ಕಡಿಮೆ ಮಾಡಿ, ಕಂತು ಕಡಿಮೆ ಮಾಡಬೇಡಿ" ಅಂತ ಬರೆದು ಕೊಡಿ. ಇಲ್ಲದಿದ್ದರೆ ಕಂತು ಇಳಿಸಿ ಅವಧಿ ಹಾಗೇ ಬಿಡುತ್ತಾರೆ, ಇಲ್ಲವೇ ಮುಂದಿನ ತಿಂಗಳುಗಳ ಕಂತು ಅಂತ ಸುಮ್ನೆ ಇಟ್ಟುಕೊಳ್ಳುತ್ತಾರೆ. ವಾರ ಬಿಟ್ಟು ಸ್ಟೇಟ್‌ಮೆಂಟ್ ತೆಗೆದು ಬಾಕಿ ಇಳಿದಿದೆಯಾ ನೋಡಿ.

7. ದರ ಏರಿದಾಗ ಸುಮ್ಮನೆ ಕೂರಬೇಡಿ

2022ರ ಮೇಯಿಂದ 2023ರ ಫೆಬ್ರವರಿ ಒಳಗೆ ರೆಪೊ ಶೇ. 4ರಿಂದ 6.5ಕ್ಕೆ ಹೋಯಿತು. ತುಂಬಾ ಜನರಿಗೆ ಗೊತ್ತೇ ಆಗಲಿಲ್ಲ, ಯಾಕೆಂದರೆ ಕಂತು ಹಾಗೇ ಇತ್ತು. ಬ್ಯಾಂಕ್ ಅವಧಿಯನ್ನು ಎಳೆದಿತ್ತು.

ನಮ್ಮ ಉದಾಹರಣೆಯಲ್ಲಿ ಶುರುವಿನಲ್ಲೇ ದರ 8.5ರಿಂದ 9.5 ಆಗಿ, ಕಂತು ಬದಲಾಗದಿದ್ದರೆ 240 ತಿಂಗಳ ಸಾಲ 309 ತಿಂಗಳಾಗುತ್ತದೆ. ಐದು ಮುಕ್ಕಾಲು ವರ್ಷ ಜಾಸ್ತಿ, ಸುಮಾರು 17 ಲಕ್ಷದ 80 ಸಾವಿರ ಹೆಚ್ಚು. ಬದಲಿಗೆ ಕಂತನ್ನು 27,964ಕ್ಕೆ ಏರಿಸಿಕೊಂಡರೆ, ಅಂದರೆ ತಿಂಗಳಿಗೆ 1,929 ಹೆಚ್ಚು ಕಟ್ಟಿದರೆ, ಒಟ್ಟು ಹೆಚ್ಚುವರಿ 4 ಲಕ್ಷದ 63 ಸಾವಿರದಲ್ಲಿ ಮುಗಿಯುತ್ತದೆ. ಒಂದು ಅರ್ಜಿಯ ವ್ಯತ್ಯಾಸ 13 ಲಕ್ಷ.

2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಇದಕ್ಕೆ ನಿಯಮ ತಂದಿತು. ದರ ಮರುನಿಗದಿ ಆಗುವಾಗ ಕಂತು ಏರಿಸುವುದಾ, ಅವಧಿ ಎಳೆಯುವುದಾ, ಎರಡೂ ಸ್ವಲ್ಪ ಸ್ವಲ್ಪವಾ ಎಂದು ಆರಿಸುವ ಅವಕಾಶ ನಿಮಗೆ ಕೊಡಬೇಕು. ಬ್ಯಾಂಕಿನಿಂದ ಬರುವ ಎಸ್‌ಎಂಎಸ್ ಓದದೆ ಅಳಿಸಬೇಡಿ. ಆ ಆಯ್ಕೆ ಅದರಲ್ಲೇ ಇರಬಹುದು. ದರ ಇಳಿದಾಗಲೂ ಹೀಗೇ. 2025ರಲ್ಲಿ ರೆಪೊ ಇಳಿದಾಗ ನಿಮ್ಮ ದರ ಇಳಿಯಿತಾ? ರೆಪೊಗೆ ಜೋಡಿಸಿದ ಸಾಲವಾದರೆ ಮೂರು ತಿಂಗಳಿಗೆ ಒಮ್ಮೆಯಾದರೂ ದರ ಮರುನಿಗದಿ ಆಗಬೇಕು. 2019ಕ್ಕಿಂತ ಹಳೆಯ ಸಾಲವಾದರೆ ಹಳೆ ಪದ್ಧತಿಯಲ್ಲೇ ಉಳಿದಿರಬಹುದು, ಬದಲಿಸಿಕೊಡಿ ಅಂತ ಅರ್ಜಿ ಕೊಡಿ.

ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸಬೇಕಾ? 15 ವರ್ಷ ಬಾಕಿ ಇರುವಾಗ ಅರ್ಧ ಶೇಕಡಾ ಕಡಿಮೆ ಸಿಕ್ಕಿದರೆ ನಮ್ಮ ಉದಾಹರಣೆಯಲ್ಲಿ 1 ಲಕ್ಷದ 38 ಸಾವಿರ ಉಳಿಯುತ್ತದೆ. ಹೊಸ ವಕೀಲರ ಶುಲ್ಕ, ಪ್ರೊಸೆಸಿಂಗ್, ಓಡಾಟ ಕಳೆದು ನೋಡಿ. ಕೊನೆಯ ನಾಲ್ಕೈದು ವರ್ಷದಲ್ಲಿ ಈ ಗೋಜು ಬೇಡ.

8. ತೆರಿಗೆ ಉಳಿತಾಯವನ್ನು ಲಾಭ ಅಂತ ಬರೆಯಬೇಡಿ

ಇದನ್ನು ಬೇಗ ಮುಗಿಸುತ್ತೇನೆ. ವಾಸದ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ, ಅಸಲಿಗೆ ಬೇರೆ ಉಳಿತಾಯಗಳ ಜೊತೆ ಸೇರಿ 1.5 ಲಕ್ಷದವರೆಗೆ ವಿನಾಯಿತಿ ಇರುವುದು ಹಳೆ ತೆರಿಗೆ ಪದ್ಧತಿಯಲ್ಲಿ. ಹೊಸ ಪದ್ಧತಿಯಲ್ಲಿ ವಾಸದ ಮನೆಗೆ ಇದು ಇಲ್ಲ. ಹಳೆ ಪದ್ಧತಿಯಲ್ಲೂ ಶೇ. 30ರ ಹಂತದವರಿಗೆ 2 ಲಕ್ಷ ಬಡ್ಡಿಗೆ ಉಳಿಯುವುದು 60 ಸಾವಿರ ಚಿಲ್ಲರೆ. ಉಳಿದ 1 ಲಕ್ಷದ 40 ಸಾವಿರದ ಹತ್ತಿರ ನಿಮ್ಮ ಕೈಯಿಂದಲೇ ಹೋಗಿರುತ್ತದೆ, ಅಲ್ವಾ? ತೆರಿಗೆ ಉಳಿಸಲು ಸಾಲ ಉಳಿಸಿಕೊಳ್ಳಿ ಅನ್ನುವ ಸಲಹೆ ಕೇಳಬೇಡಿ.

9. ಸಾಲ ತೀರಿದ ಮೇಲೆ

ಕೊನೆಯ ಕಂತು ಕಟ್ಟಿದ 30 ದಿನದೊಳಗೆ ಬ್ಯಾಂಕ್ ನಿಮ್ಮ ಮೂಲ ಆಧಾರ ವಾಪಸ್ ಕೊಟ್ಟು, ಆಸ್ತಿಯ ಮೇಲಿನ ತನ್ನ ಹಕ್ಕನ್ನು ತೆಗೆಸಬೇಕು. ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. ಈ ನಿಯಮ 2023ರ ಡಿಸೆಂಬರ್ 1ರಿಂದ ಇದೆ. ಸಾಲ ತೆಗೆದಾಗ ಕೊಟ್ಟ ಕಾಗದಗಳ ಪಟ್ಟಿ ಇದ್ದರೆ ಒಂದೊಂದೇ ಗುರುತು ಹಾಕಿ ತೆಗೆದುಕೊಳ್ಳಿ. ಪಟ್ಟಿಯನ್ನು ಸಾಲ ತೆಗೆಯುವ ದಿನವೇ ಶಾಖೆಯ ಸೀಲು ಹಾಕಿಸಿ ಇಟ್ಟುಕೊಂಡಿರಬೇಕು. ಹಿಂದಿನ ಆಧಾರಗಳು ಎಷ್ಟು ಕೊಟ್ಟಿದ್ದೆವು ಅನ್ನುವುದು 20 ವರ್ಷ ಕಳೆದ ಮೇಲೆ ಯಾರಿಗೂ ನೆನಪಿರುವುದಿಲ್ಲ.

ದೂರು ಇದ್ದರೆ ಮೊದಲು ಶಾಖೆಗೆ ಬರವಣಿಗೆಯಲ್ಲಿ ಕೊಡಿ, ರಸೀದಿ ಇಟ್ಟುಕೊಳ್ಳಿ. 30 ದಿನದಲ್ಲಿ ಉತ್ತರ ಬಾರದಿದ್ದರೆ ಅಥವಾ ಉತ್ತರ ಸರಿ ಕಾಣದಿದ್ದರೆ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ (ದೂರು ವಿಚಾರಿಸುವ ಅಧಿಕಾರಿಗೆ) ಹೋಗಬಹುದು. ಮಾಹಿತಿಗೆ ಫೋನ್ 14448. ಸೇವಾ ಸಹಕಾರಿ ಬ್ಯಾಂಕಿನ ದೂರಾದರೆ ಸಹಕಾರ ಇಲಾಖೆಯ ರಿಜಿಸ್ಟ್ರಾರ್ ಕಚೇರಿಗೆ.

ಕೊನೆಗೆ, ಸಾಲ ಮುಗಿದ ಒಂದೆರಡು ತಿಂಗಳ ನಂತರ ಸಿಬಿಲ್ ವರದಿಯಲ್ಲಿ (ನಿಮ್ಮ ಸಾಲಗಳ ಇತಿಹಾಸ ಇರುವ ವರದಿ) ಸಾಲ ಮುಚ್ಚಿದೆ ಅಂತ ಬಂದಿದೆಯಾ ನೋಡಿ, ಜಾಗದ ಇಸಿಯನ್ನೂ ಒಂದು ಸಲ ತೆಗೆಸಿ. ಬ್ಯಾಂಕಿನ ಹೆಸರು ಅಲ್ಲಿ ಇನ್ನೂ ಉಳಿದಿದ್ದರೆ ಈಗಲೇ ತೆಗೆಸುವುದು ಸುಲಭ. ಮಕ್ಕಳು ಪಾಲು ಮಾಡಿಕೊಳ್ಳುವ ಹೊತ್ತಿಗೆ ಆ ಶಾಖೆಯೇ ಬೇರೆ ಬ್ಯಾಂಕಿನಲ್ಲಿ ವಿಲೀನ ಆಗಿರಬಹುದು.